ಮರಳುಗಾಡಿನ ಸೀಳುಕಣಿವೆಗೆ ಹೋಗುವ ಮುನ್ನ

ಸಭೆಯಲ್ಲಿರುವ ಹಿರಿಯರಿಗೂ ಗೆಳೆಯರಿಗೂ ನಮಸ್ಕಾರ.

ಹುಬ್ಬಳ್ಳಿ-ಧಾರವಾಡದ ಯಾವ ಬಡಾವಣೆಗೆ ಹೋದರೂ ಅಮೆರಿಕದಲ್ಲಿ ಮಗನೋ ಮಗಳೋ ಇರುವ ನಾಲ್ಕು ಮನೆ ಸಿಗುತ್ತವೆ. ತಂದೆ-ತಾಯಿ ಅಲ್ಲಿಗೆ ಹೋಗುವುದು ಹೆಚ್ಚಾಗಿ ಮೇ ತಿಂಗಳಿನಿಂದ ಸೆಪ್ಟೆಂಬರ್ ಒಳಗೆ. ಮಕ್ಕಳು ತೋರಿಸುವ ಜಾಗಗಳಲ್ಲಿ ಗ್ರ್ಯಾಂಡ್ ಕ್ಯಾನಿಯನ್ ಜೊತೆಗೆ ಅರಿಜೋನಾದ ಪೇಜ್ ಎಂಬ ಊರಿನ ಪಕ್ಕದ ಆಂಟೆಲೋಪ್ ಕ್ಯಾನಿಯನ್ ಕೂಡ ಇರುತ್ತದೆ. ಕೇಸರಿ ಬಣ್ಣದ ಬಳುಕುವ ಗೋಡೆಗಳ ನಡುವೆ ಬಿಸಿಲಿನ ಕೋಲು ಇಳಿದಿರುವ ಚಿತ್ರವನ್ನು ನೀವೆಲ್ಲ ಮೊಬೈಲಿನಲ್ಲಿ ನೋಡಿದ್ದೀರಿ. ಹೋಗಿ ಬಂದವರ ದೂರು ಮಾತ್ರ ಒಂದೇ ನಮೂನಿ: ಚೀಲ ಒಯ್ಯಲು ಬಿಡಲಿಲ್ಲ, ಒಂದು ಕಡೆ ನಿಲ್ಲಲು ಬಿಡಲಿಲ್ಲ, ತಾಸೊಪ್ಪತ್ತಿನಲ್ಲಿ ಹೊರಗೆ ಕಳಿಸಿದರು. ಈ ನಿಯಮಗಳಲ್ಲಿ ಕೆಲವು ವ್ಯಾಪಾರದವು, ಒಪ್ಪೋಣ. ಹೆಚ್ಚಿನವುಗಳ ಹಿಂದೆ ಇರುವುದು ಆ ಕಣಿವೆಯ ಇಕ್ಕಟ್ಟು ಮತ್ತು ಅದನ್ನು ಕೊರೆದ ನೀರು. ಆದ್ದರಿಂದ ನೀರಿನಿಂದಲೇ ಶುರು ಮಾಡೋಣ.

ಸೀಳುಕಣಿವೆಗೆ ಅಗಲಕ್ಕಿಂತ ಆಳ ಎಷ್ಟೋ ಪಟ್ಟು ಹೆಚ್ಚು. ಆಂಟೆಲೋಪಿನಲ್ಲಿ ಒಂದೇ ಹಳ್ಳದ ಮೇಲೆ ಎರಡು ಸೀಳುಗಳಿವೆ. ಹೆದ್ದಾರಿ 98ರ ದಕ್ಷಿಣಕ್ಕೆ, ಹಳ್ಳದ ಮೇಲ್ಭಾಗದಲ್ಲಿ ಅಪ್ಪರ್ ಆಂಟೆಲೋಪ್, ಸುಮಾರು 200 ಮೀಟರ್ ಉದ್ದ. ಉತ್ತರಕ್ಕೆ ಲೋವರ್ ಆಂಟೆಲೋಪ್, ಸುಮಾರು 400 ಮೀಟರ್. ಅಪ್ಪರಿನ ಗೋಡೆಗಳು 120 ಅಡಿಯವರೆಗೆ ಏರುತ್ತವೆ. ಮುಂದೆ ಹಳ್ಳ ಪೊವೆಲ್ ಸರೋವರಕ್ಕೆ, ಅಂದರೆ ಗ್ಲೆನ್ ಕ್ಯಾನಿಯನ್ ಅಣೆಕಟ್ಟಿನ ಹಿನ್ನೀರಿಗೆ ಸೇರುತ್ತದೆ. ಬಂಡೆ ನವಾಹೊ ಮರಳುಗಲ್ಲು. ಜುರಾಸಿಕ್ ಕಾಲದ ಆರಂಭದಲ್ಲಿ, ಸುಮಾರು 18-19 ಕೋಟಿ ವರ್ಷಗಳ ಹಿಂದೆ, ಅದು ನಿಜವಾದ ಮರಳು ದಿಬ್ಬಗಳ ಬಯಲಾಗಿತ್ತು. ಗೋಡೆಯ ಮೇಲೆ ಕಾಣುವ ಓರೆ ಗೆರೆಗಳು ಆ ದಿಬ್ಬಗಳ ಇಳಿಜಾರಿನಲ್ಲಿ ಗಾಳಿ ಪದರ ಪದರವಾಗಿ ಸುರುವಿದ ಮರಳು. ಕೆಂಪು ಬಣ್ಣ ಕಬ್ಬಿಣದ ಆಕ್ಸೈಡಿನದು.

ಈ ಕಲ್ಲು ಲಂಬವಾಗಿ ನಿಲ್ಲುವಷ್ಟು ಗಟ್ಟಿ, ಮರಳು ತುಂಬಿದ ನೀರು ತೀಡಿದರೆ ಸವೆಯುವಷ್ಟು ಮೆತ್ತಗೆ. ಮೊದಲು ಬಂಡೆಯಲ್ಲಿ ಒಂದು ಬಿರುಕು ಇರುತ್ತದೆ. ಮಳೆನೀರು ಅದನ್ನು ಹಿಡಿದು ಹರಿಯುತ್ತದೆ, ಸುತ್ತಿ ಸುಳಿಯಾಗುವ ಕಡೆ ಗೋಡೆಯನ್ನು ಬಟ್ಟಲಿನ ಹಾಗೆ ಕೆರೆಯುತ್ತದೆ. ಆ ಬಳುಕಿನ ಆಕಾರಗಳು ಮುಖ್ಯವಾಗಿ ಪ್ರವಾಹದ ಕೆಲಸ, ಆ ಕೆಲಸ ಇನ್ನೂ ಮುಗಿದಿಲ್ಲ. ಪ್ರತಿ ಪ್ರವಾಹದ ನಂತರ ತಳದ ಮರಳು ಕೆಲವು ಅಡಿ ಏರಬಹುದು, ಇಳಿಯಬಹುದು. ಇಂಥ ಕಣಿವೆಗಳಲ್ಲಿ ಎರಡು ಗೋಡೆಗಳ ನಡುವೆ, ನಿಮ್ಮ ತಲೆಗಿಂತ ಎಷ್ಟೋ ಎತ್ತರದಲ್ಲಿ, ಮರದ ದಿಮ್ಮಿ ಸಿಕ್ಕಿಹಾಕಿಕೊಂಡಿದ್ದರೆ ಅದನ್ನು ಯಾರೂ ಅಲಂಕಾರಕ್ಕೆ ಇಟ್ಟಿಲ್ಲ. ನೀರು ಅಲ್ಲಿಯವರೆಗೆ ಬಂದಿತ್ತು.

ಒಂದು ಸಣ್ಣ ಲೆಕ್ಕ ಹಾಕಿ. ಬಯಲಿನಲ್ಲಿ 10 ಮೀಟರ್ ಅಗಲ, ಅರ್ಧ ಮೀಟರ್ ಆಳ, ಅಂದರೆ ಮೊಣಕಾಲುದ್ದ ಹರಿಯುವ ಹಳ್ಳವನ್ನು ಒಂದು ಮೀಟರ್ ಅಗಲದ ಸೀಳಿಗೆ ನುಗ್ಗಿಸಿದರೆ, ವೇಗ ಅಷ್ಟೇ ಇದ್ದಲ್ಲಿ ಆಳ ಐದು ಮೀಟರ್ ಆಗುತ್ತದೆ. ಮೇಲೆ ದಾಟಿಕೊಂಡು ಹೋಗಬಹುದಾದ ನೀರು ಒಳಗೆ ಮನೆಯೆತ್ತರ ಏರುತ್ತದೆ. ಸುತ್ತಲಿನ ನೆಲ ಬರೀ ಬಂಡೆ, ಹೀರಿಕೊಳ್ಳುವ ಮಣ್ಣು ಕಡಿಮೆ. ಪೇಜ್ ಊರಿಗೆ ವರ್ಷಕ್ಕೆ ಬೀಳುವ ಮಳೆ 200 ಮಿಲಿಮೀಟರ್ ಒಳಗೆ. ನಮ್ಮ ಗದಗಿನಂಥ ಒಣ ಸೀಮೆಗೂ 600ರ ಸುತ್ತಮುತ್ತ ಬೀಳುತ್ತದೆ. ಆದರೆ ಅಲ್ಲಿಯ ಮಳೆ ಗುಡುಗಿನ ಜೊತೆ ಒಂದೇ ಕಡೆ ಸುರಿಯುತ್ತದೆ, ಸುರಿದದ್ದು ಹಾಗೆಯೇ ಓಡುತ್ತದೆ.

ಬೆಣ್ಣಿಹಳ್ಳ ಬಲ್ಲವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಶಿಗ್ಗಾಂವಿ, ಕುಂದಗೋಳದ ಕಡೆ ಮಳೆ ಹೊಡೆದರೆ ನವಲಗುಂದದಲ್ಲಿ ಹನಿ ಬೀಳದಿದ್ದರೂ ಹಳ್ಳ ಬಂದು ದಾರಿ ಕಟ್ಟುತ್ತದೆ. ಸೀಳುಕಣಿವೆಯಲ್ಲೂ ಅದೇ ಮಾತು, ಏರಿ ನಿಲ್ಲಲು ದಂಡೆ ಮಾತ್ರ ಇಲ್ಲ. 1997ರ ಆಗಸ್ಟ್ 12ರಂದು ಲೋವರ್ ಆಂಟೆಲೋಪಿನಲ್ಲಿ ಹನ್ನೊಂದು ಪ್ರವಾಸಿಗರು ತೀರಿಕೊಂಡರು. ಕಣಿವೆಯ ಮೇಲೆ ಬಿದ್ದ ಮಳೆ ಅತ್ಯಲ್ಪ, ಗುಡುಗು ಮಳೆ ಸುರಿದದ್ದು ಸುಮಾರು 11 ಕಿಲೋಮೀಟರ್ ಮೇಲೆ. ಆಗ ಇದ್ದ ಮರದ ಏಣಿಗಳು ನೀರಿನೊಂದಿಗೇ ಹೋದವು. ಈಗ ಬಂಡೆಗೆ ಬೋಲ್ಟು ಹಾಕಿ ಬಿಗಿದ ಲೋಹದ ಮೆಟ್ಟಿಲುಗಳಿವೆ, ಹವಾಮಾನ ರೇಡಿಯೋ ಇದೆ, ಅಪಾಯ ಸಾರುವ ಹಾರ್ನ್ ಇದೆ. ಜಾಗ ನವಾಹೊ ನೇಷನ್ನಿಗೆ, ಅಂದರೆ ನವಾಹೊ ಎಂಬ ಮೂಲನಿವಾಸಿ ಮಂದಿಯ ಸ್ವಂತ ಆಡಳಿತದ ಸೀಮೆಗೆ ಸೇರಿದ್ದು, ಮಾರ್ಗದರ್ಶಿ ಇಲ್ಲದೆ ಒಳಗೆ ಪ್ರವೇಶವಿಲ್ಲ. ಇಷ್ಟೆಲ್ಲ ಬಂದ ಮೇಲೂ ನೀರು ಬರುವುದು ನಿಂತಿಲ್ಲ: 2006ರ ಅಕ್ಟೋಬರ್ ಕೊನೆಯ ಪ್ರವಾಹದಿಂದ ಲೋವರ್ ತಿಂಗಳುಗಟ್ಟಲೆ ಮುಚ್ಚಿತ್ತು, 2010ರ ಜುಲೈಯಲ್ಲಿ ಕೆಲವರು ಬಂಡೆಯ ಚಾಚಿನ ಮೇಲೆ ಸಿಕ್ಕಿಬಿದ್ದಿದ್ದರು.

ಹಾಗಾಗಿ ಬಿಸಿಲು ಸುಡುತ್ತಿರುವಾಗಲೂ ಗೈಡ್ ಟೂರ್ ರದ್ದು ಎಂದರೆ ವಾದ ಮಾಡಬೇಡಿ. ಅವರು ನೋಡುತ್ತಿರುವುದು ನಿಮ್ಮ ತಲೆಯ ಮೇಲಿನ ಆಕಾಶವನ್ನಲ್ಲ, ಹಳ್ಳದ ಮೇಲಿನ ಸೀಮೆಯ ಆಕಾಶವನ್ನು. ಅಲ್ಲಿಯ ಮಳೆಗಾಲ ಜೂನ್ ಮಧ್ಯದಿಂದ ಸೆಪ್ಟೆಂಬರ್ ಕೊನೆಯವರೆಗೆ, ಹೆಚ್ಚುಕಡಿಮೆ ನಮ್ಮದೇ ತಿಂಗಳುಗಳು. ಗುಡುಗು ಮಳೆ ಹೆಚ್ಚಾಗಿ ಮಧ್ಯಾಹ್ನದ ನಂತರ ಕಟ್ಟುತ್ತದೆ. ಜುಲೈ, ಆಗಸ್ಟಿನಲ್ಲಿ ಹೋಗುವವರು ಮುಂಜಾನೆಯ ಟೂರ್ ಹಿಡಿಯಿರಿ, ಮರುದಿನವನ್ನೂ ಖಾಲಿ ಇಟ್ಟುಕೊಳ್ಳಿ. ಅದೇ ಸಂಜೆ ಲಾಸ್ ವೇಗಸ್‌ನಿಂದ ವಿಮಾನ ಇದೆ ಎಂದು ಯೋಜನೆ ಹಾಕಿದರೆ, ರಸ್ತೆಯೇ ನಾಲ್ಕೂವರೆ ತಾಸಿನದು, ಒಂದು ಮೋಡ ನಿಮ್ಮ ಲೆಕ್ಕವನ್ನೆಲ್ಲ ಕೆಡಿಸುತ್ತದೆ. ಕಣಿವೆ ಮುಚ್ಚಿದರೆ ಹಣ ವಾಪಸ್ಸೋ ದಿನ ಬದಲಾವಣೆಯೋ ಎಂಬುದನ್ನು ಬುಕ್ ಮಾಡುವಾಗಲೇ ಓದಿಕೊಳ್ಳಿ. ನವಾಹೊ ನೇಷನ್ನಿನ ಪರವಾನಗಿ ಶುಲ್ಕ ಟೂರ್ ದರದಲ್ಲಿ ಸೇರಿದೆಯೋ ಬೇರೆಯೋ ಎಂಬುದನ್ನೂ ನೋಡಿ.

ಅಪ್ಪರೋ ಲೋವರೋ? ಇದನ್ನು ಫೋಟೋ ನೋಡಿ ತೀರ್ಮಾನಿಸಬೇಡಿ, ಮೊಣಕಾಲು ಕೇಳಿ ತೀರ್ಮಾನಿಸಿ. ಅಪ್ಪರ್ ಕೆಳಗೆ ಅಗಲ, ಮೇಲೆ ಇಕ್ಕಟ್ಟು. ನೆಲಮಟ್ಟದಲ್ಲೇ ಒಳಗೆ ಹೋಗುತ್ತೀರಿ, ತಳ ಸಮತಟ್ಟಾದ ಮರಳು. ಆದರೆ ಅಲ್ಲಿಗೆ ಮುಟ್ಟಲು ಹಳ್ಳದ ಮರಳಿನಲ್ಲಿ ಟ್ರಕ್ಕಿನ ಮೇಲೆ ಕುಲುಕಾಡಿಕೊಂಡು ಹೋಗಬೇಕು, ಬೆನ್ನುನೋವಿನವರು ಇದನ್ನು ಗಮನದಲ್ಲಿಡಿ. ಈಚಿನ ವರ್ಷಗಳಲ್ಲಿ ಒಂದು ಬಾಯಿಂದ ಒಳಹೋಗಿ ಇನ್ನೊಂದರಿಂದ ಹೊರಬಿದ್ದು, ಹೊರಗಿನ ಮೆಟ್ಟಿಲು-ಇಳಿಜಾರಿನ ದಾರಿಯಲ್ಲಿ ಸುತ್ತಿ ಬರುವ ಪದ್ಧತಿ ಬಂದಿದೆ. ಅಪ್ಪರ್ ಎಂದರೆ ಮೆಟ್ಟಿಲೇ ಇಲ್ಲ ಎಂಬ ಹಳೆಯ ಮಾತನ್ನು ನಂಬಿ ಹೋದವರಿಗೆ ಇಲ್ಲಿ ತೊಂದರೆ. ಲೋವರ್ ಇದರ ತಿರುವು: ಮೇಲೆ ತೆರೆದಿದೆ, ಕೆಳಗೆ ಇಕ್ಕಟ್ಟು. ಕಡಿದಾದ ಲೋಹದ ಮೆಟ್ಟಿಲಿಳಿದು ಹೋಗಬೇಕು, ಕೆಲವು ಕಡೆ ಒಂದು ಪಾದದ ಮುಂದೆ ಇನ್ನೊಂದು ಪಾದ ಇಡುವಷ್ಟೇ ಜಾಗ, ಕೊನೆಗೆ ನೆಲದ ಬಿರುಕಿನಿಂದ ಹತ್ತಿ ಹೊರಬರಬೇಕು. ನಡುವೆ ಸುಸ್ತಾದರೆ ಹಿಂದಕ್ಕೆ ಬರುವುದು ಸುಲಭವಲ್ಲ, ಯಾಕೆಂದರೆ ಹಿಂದಿನ ಗುಂಪು ಅದೇ ದಾರಿಯಲ್ಲಿ ಬರುತ್ತಿರುತ್ತದೆ. ಇಕ್ಕಟ್ಟಿನಲ್ಲಿ ಉಸಿರು ಕಟ್ಟಿದಂತೆ ಆಗುವವರು ಲೋವರ್ ಬಿಡುವುದೇ ಒಳ್ಳೆಯದು. ಸಣ್ಣ ಗುಂಪೇ ಬೇಕು, ಗದ್ದಲ ಬೇಡ ಅನ್ನುವವರು ಇವೆರಡನ್ನೂ ಬಿಟ್ಟು ಅದೇ ಸುತ್ತಿನ ಕ್ಯಾನಿಯನ್ ಎಕ್ಸ್ ಅಥವಾ ಸೀಕ್ರೆಟ್ ಕ್ಯಾನಿಯನ್ ನೋಡಬಹುದು. ಹೆಸರು ಕಡಿಮೆ, ಕಲ್ಲು ಅದೇ.

ಬಿಸಿಲಿನ ಕೋಲು ನೋಡಲೇಬೇಕೆಂದರೆ ಅಪ್ಪರೇ ಆಗಬೇಕು, ಅದೂ ಮಾರ್ಚ್ ಕೊನೆಯಿಂದ ಅಕ್ಟೋಬರ್ ಆರಂಭದೊಳಗೆ, ನಡು ಮಧ್ಯಾಹ್ನದ ಸುಮಾರಿಗೆ. ಕಾರಣ ಸರಳ. ನಮ್ಮಲ್ಲಿ ಸೂರ್ಯ ವರ್ಷಕ್ಕೆ ಎರಡು ಸಲ ನೆತ್ತಿಯ ಮೇಲೆ ಬರುತ್ತಾನೆ. ಪೇಜ್ ಇರುವುದು ಸುಮಾರು 37 ಡಿಗ್ರಿ ಉತ್ತರ ಅಕ್ಷಾಂಶದಲ್ಲಿ. ಅಲ್ಲಿ ಜೂನ್ ನಡುಹಗಲಿನಲ್ಲೂ ಸೂರ್ಯ ದಿಗಂತದಿಂದ 76 ಡಿಗ್ರಿಯಷ್ಟೇ ಏರುತ್ತಾನೆ, ಡಿಸೆಂಬರಿನಲ್ಲಿ ಬರೀ 30. ಅಷ್ಟು ಓರೆಯಾದ ಬಿಸಿಲು 120 ಅಡಿ ಆಳಕ್ಕೆ ಇಳಿಯಲಾರದು. ಈ ಹೊತ್ತಿನ ಟಿಕೆಟ್ಟಿಗೆ ದರವೂ ಹೆಚ್ಚು, ತಿಂಗಳುಗಳ ಮೊದಲೇ ತುಂಬಿಹೋಗುತ್ತದೆ, ಮಂದಿಯೂ ಹೆಚ್ಚು. ಜುಲೈಯಲ್ಲಿ ಮಳೆಯ ಭಯಕ್ಕೆ ಮುಂಜಾನೆ ಹೋದರೆ ಕೋಲು ಕಾಣುವುದಿಲ್ಲ, ಎರಡೂ ಒಟ್ಟಿಗೆ ಬೇಕಾದವರು ಮೇ ತಿಂಗಳಲ್ಲಿ ಹೋಗಲಿ. ನಮ್ಮ ಅಭಿಪ್ರಾಯ ಕೇಳಿದರೆ, ಕೋಲಿಗಿಂತ ಗೋಡೆಯ ಬಣ್ಣವೇ ನೋಡುವಂಥದ್ದು. ಅದಕ್ಕೆ ಲೋವರಿನ ಮುಂಜಾನೆ ಸಾಕು.

ಈಗ ಗಡಿಯಾರ. ಅತಿ ಹೆಚ್ಚು ಮಂದಿ ಎಡವುವುದು ಇಲ್ಲೇ. ಅರಿಜೋನಾ ಬೇಸಿಗೆಯಲ್ಲಿ ಗಡಿಯಾರ ಮುಂದಿಡುವುದಿಲ್ಲ. ಅದರೊಳಗಿನ ನವಾಹೊ ನೇಷನ್ ಮುಂದಿಡುತ್ತದೆ. ಕೆಲವೇ ಮೈಲಿ ಆಚೆಯ ಯೂಟಾ ರಾಜ್ಯವೂ ಮುಂದಿಡುತ್ತದೆ. ಮೊಬೈಲು ಯಾವ ಟವರ್ ಹಿಡಿಯಿತೋ ಆ ಸಮಯ ತೋರಿಸುತ್ತದೆ, ಒಂದು ತಾಸು ಹೆಚ್ಚುಕಡಿಮೆ. ಪೇಜ್ ಸುತ್ತಿನ ಟೂರುಗಳು ನಡೆಯುವುದು ಅರಿಜೋನಾ ಸಮಯದ ಮೇಲೆ. ಮೊಬೈಲಿನಲ್ಲಿ ತಾನಾಗಿ ಸಮಯ ಬದಲಾಗುವ ಸೆಟ್ಟಿಂಗ್ ತೆಗೆದು, ಫೀನಿಕ್ಸ್ ಎಂದು ಕೈಯಿಂದ ಆರಿಸಿ. ಅದು ವರ್ಷವಿಡೀ ಭಾರತದ ಸಮಯಕ್ಕಿಂತ ಹನ್ನೆರಡೂವರೆ ತಾಸು ಹಿಂದೆ. ಟಿಕೆಟ್ಟಿನಲ್ಲಿ ಬರೆದ ಹೊತ್ತು ಸಾಮಾನ್ಯವಾಗಿ ಹೊರಡುವ ಹೊತ್ತು. ಅದಕ್ಕಿಂತ ಎಷ್ಟು ಮುಂಚೆ ಹಾಜರಿ ಹಾಕಬೇಕೆಂದು ಅಲ್ಲೇ ಬರೆದಿರುತ್ತದೆ. ತಡವಾದರೆ ಮುಂದಿನ ಗುಂಪಿನಲ್ಲಿ ಸೇರಿಸುತ್ತಾರೆ ಎಂಬ ಭರವಸೆ ಬೇಡ, ಗುಂಪುಗಳನ್ನು ನಿಮಿಷ ಲೆಕ್ಕ ಹಾಕಿ ಒಳಗೆ ಬಿಡುತ್ತಿರುತ್ತಾರೆ.

ಒಯ್ಯಬೇಕಾದದ್ದು ಕಡಿಮೆ: ಮೊಬೈಲು ಅಥವಾ ಕ್ಯಾಮೆರಾ, ನೀರಿನ ಬಾಟಲಿ, ಅಷ್ಟೇ. ಬೆನ್ನಚೀಲ, ಹೆಂಗಸರ ಕೈಚೀಲ, ಸೊಂಟದ ಚೀಲ, ಟ್ರೈಪಾಡ್, ಸೆಲ್ಫಿ ಕೋಲು ಯಾವುದೂ ಒಳಗೆ ಹೋಗುವುದಿಲ್ಲ. ಚೀಲ ಗೋಡೆಗೆ ಉಜ್ಜಿದರೆ ಮೆತ್ತನೆಯ ಕಲ್ಲು ಉದುರುತ್ತದೆ, ಇಕ್ಕಟ್ಟಿನಲ್ಲಿ ಚೀಲ ಸಿಕ್ಕಿಕೊಂಡರೆ ಇಡೀ ಸಾಲು ನಿಲ್ಲುತ್ತದೆ. ಬಿ.ಪಿ., ಸಕ್ಕರೆ ಕಾಯಿಲೆಯ ಗುಳಿಗೆಗಳನ್ನು ಜೇಬಿನಲ್ಲಿಟ್ಟುಕೊಳ್ಳಿ. ಜೇಬಿಲ್ಲದ ಉಡುಪಿನಲ್ಲಿ ಪಾಸ್‌ಪೋರ್ಟ್ ಎಲ್ಲಿಡುವುದು ಎಂಬ ಚಿಂತೆ ಬರುವುದರಿಂದ ಮೊದಲೇ ಯೋಚಿಸಿ. ಸೀರೆಯುಟ್ಟು ಟ್ರಕ್ ಹತ್ತುವುದು, ಕಡಿದಾದ ಮೆಟ್ಟಿಲಿಳಿಯುವುದು ಕಷ್ಟ, ಚೂಡಿದಾರ್ ಅಥವಾ ಪ್ಯಾಂಟ್ ವಾಸಿ. ಚಪ್ಪಲಿಯಲ್ಲಿ ಸುಡುವ ಮರಳು ತುಂಬುತ್ತದೆ, ಮುಚ್ಚಿದ ಬೂಟು ಹಾಕಿ. ಗಾಳಿ ಬಂದರೆ ಮೇಲಿನಿಂದ ನುಣ್ಣಗೆ ಮರಳು ಸುರಿಯುತ್ತದೆ, ಕಾಂಟ್ಯಾಕ್ಟ್ ಲೆನ್ಸ್ ಬಿಟ್ಟು ಕನ್ನಡಕ ಹಾಕಿಕೊಳ್ಳಿ. ಒಳಗೆ ಶೌಚಾಲಯ ಇಲ್ಲ. ಮೊಮ್ಮಕ್ಕಳು ಜೊತೆಗಿದ್ದರೆ ಟ್ರಕ್ಕಿನಲ್ಲಿ ಕೂರಿಸಲು ಮಕ್ಕಳ ಕಾರ್ ಸೀಟ್ ಕೇಳುತ್ತಾರೆ. ಮುಗಿದ ಮೇಲೆ ಗೈಡಿಗೆ ಟಿಪ್ ಕೊಡುವುದು ಅಲ್ಲಿಯ ರೂಢಿ, ಟೂರ್ ದರದ ಶೇಕಡಾ 15ರಿಂದ 20. ಆ ನಗದನ್ನು ಬೇರೆ ಮಡಿಚಿಟ್ಟುಕೊಂಡರೆ ಕೊನೆಯಲ್ಲಿ ತಡಕಾಡುವುದು ತಪ್ಪುತ್ತದೆ.

ಒಳಗೆ ಗುಂಪಿನಲ್ಲಿ ಎಲ್ಲಿ ನಿಲ್ಲಬೇಕು? ಗೈಡಿನ ಬೆನ್ನಿಗೇ ನಿಂತರೆ ವಿವರಣೆ ಕೇಳಿಸುತ್ತದೆ, ಆದರೆ ಎದುರಿಗೆ ನಿಮಗಿಂತ ಮೊದಲು ಹೋದ ಗುಂಪಿನ ತಲೆಗಳು ಇರಬಹುದು. ಕೊನೆಯವರಾದರೆ ತಿರುವಿನಲ್ಲಿ ಹಿಂತಿರುಗಿ ನೋಡಿ. ನಿಮ್ಮ ಗುಂಪು ದಾಟಿ, ನಿಮ್ಮ ಬೆನ್ನಿಗಿರುವ ಗುಂಪು ಬರುವ ಮೊದಲು ಕೆಲವು ಕ್ಷಣ ಓಣಿ ಖಾಲಿ ಇರುತ್ತದೆ. ಗೋಡೆ ಮುಟ್ಟಬೇಡಿ, ಹೆಸರು ಕೆತ್ತುವ ಮಾತಂತೂ ದೂರ. ನವಾಹೊ ಮಂದಿಗೆ ಅದು ಗೌರವದ ಜಾಗ. ಗೈಡ್ ನಿಮ್ಮ ಮೊಬೈಲು ಕೇಳಿದರೆ ಗಾಬರಿ ಬೇಡ, ಬಣ್ಣದ ಸೆಟ್ಟಿಂಗ್ ಸರಿಮಾಡಿ ಕೊಡುತ್ತಾರೆ, ಯಾವ ಮೂಲೆಯಿಂದ ತೆಗೆಯಬೇಕೆಂಬುದೂ ಅವರಿಗೆ ಗೊತ್ತು.

ಫೋಟೋ ಕೆಡುವುದು ಹೆಚ್ಚಾಗಿ ಆಕಾಶದಿಂದ. ಚೌಕಟ್ಟಿನಲ್ಲಿ ಆಕಾಶದ ಒಂದು ಚೂರು ಸೇರಿದರೂ ಮೊಬೈಲು ಅದಕ್ಕೆ ಬೆಳಕು ಹೊಂದಿಸಿ ಗೋಡೆಯನ್ನು ಕಪ್ಪು ಮಾಡುತ್ತದೆ, ಇಲ್ಲವೇ ಆಕಾಶ ಬಿಳಿಯಾಗಿ ಹರಡುತ್ತದೆ. ಆಕಾಶ ಬಿಟ್ಟು, ಗೋಡೆಯ ಬೆಳಗಿದ ಭಾಗದ ಮೇಲೆ ಬೆರಳೊತ್ತಿ, ಬೆಳಕನ್ನು ಸ್ವಲ್ಪ ಇಳಿಸಿ. ಫ್ಲ್ಯಾಶ್ ಹಾಕಿದರೆ ಮುಗಿಯಿತು. ಅಲ್ಲಿಯ ಬಣ್ಣವೆಲ್ಲ ಒಂದು ಗೋಡೆಗೆ ಬಡಿದು ಇನ್ನೊಂದಕ್ಕೆ ಹಾರುವ ಬೆಳಕಿನದು. ಪ್ರತಿ ಸಲ ಕೆಂಪು ಕಲ್ಲಿಗೆ ಬಡಿದಾಗ ಅದು ಇನ್ನಷ್ಟು ಕೆಂಪಾಗುತ್ತದೆ, ನೀಲಿ ಆಕಾಶದ ಬೆಳಕು ಮಾತ್ರ ತಾಗುವ ನೆರಳಿನ ಮಡಿಕೆಗಳು ನೇರಳೆಯಾಗಿ ಕಾಣುತ್ತವೆ. ಫ್ಲ್ಯಾಶ್ ಇದನ್ನೆಲ್ಲ ಅಳಿಸಿ ಬರೀ ಮಣ್ಣಿನ ಗೋಡೆ ಉಳಿಸುತ್ತದೆ. ವೈಟ್ ಬ್ಯಾಲೆನ್ಸ್ ಬದಲಿಸಲು ಬರುವವರು ಮೋಡದ ಗುರುತಿನ ಆಯ್ಕೆ ಇಡಿ. ದೊಡ್ಡ ಕ್ಯಾಮೆರಾದವರು ಹೊರಗೇ ಅಗಲ ಕೋನದ ಲೆನ್ಸ್ ಹಾಕಿಕೊಂಡು ಹೋಗಿ, ಒಳಗೆ ಬಿಚ್ಚಿದರೆ ಮರಳು ಸೆನ್ಸರಿಗೇ ಕೂರುತ್ತದೆ.

ಇಷ್ಟು ದೂರ ಹೋಗುವ ಮೊದಲು ಮೊಣಕಾಲನ್ನೂ ಮೊಬೈಲನ್ನೂ ಇಲ್ಲೇ ಪರೀಕ್ಷೆ ಮಾಡಿಕೊಳ್ಳಬಹುದು. ಬಾದಾಮಿಯಲ್ಲಿ ವಸ್ತುಸಂಗ್ರಹಾಲಯದ ಪಕ್ಕದಿಂದ ಉತ್ತರದ ಕೋಟೆಗೆ ಹತ್ತುವ ದಾರಿ ಎತ್ತರದ ಎರಡು ಕೆಂಪು ಬಂಡೆಗಳ ಸೀಳಿನೊಳಗೆ ಹಾಯುತ್ತದೆ. ಅದೂ ಮರಳುಗಲ್ಲೇ, ನವಾಹೊ ಕಲ್ಲಿಗಿಂತ ಎಷ್ಟೋ ಹಳೆಯದು, ಇನ್ನೂ ಗಟ್ಟಿ. ಅಲ್ಲಿ ಬಂಡೆ ಬಿರುಕಿನ ಗುಂಟ ನೆಟ್ಟಗೆ ಸೀಳಿದೆ, ಹಳ್ಳ ಕೆರೆದ ಬಳುಕು ಇಲ್ಲ. ಆದರೆ ಮೆಟ್ಟಿಲಿನ ಎತ್ತರ, ಇಕ್ಕಟ್ಟು, ಕೆಂಪು ಗೋಡೆಯ ಮೇಲೆ ನಡುಹಗಲಿನ ಬೆಳಕು, ಮೂರೂ ತಾಲೀಮಿಗೆ ಸಾಕು. ಆ ಹಾದಿಯನ್ನು ನಿಲ್ಲದೆ ಹತ್ತಿ ಇಳಿದವರು ಲೋವರ್ ಆಂಟೆಲೋಪಿಗೆ ಟಿಕೆಟ್ ತೆಗೆಯಲಿ, ನಡುವೆ ಎರಡು ಸಲ ಕೂತವರು ಅಪ್ಪರಿಗೆ. ಬಾದಾಮಿಯಲ್ಲೂ ಕೈಚೀಲ ಒಯ್ಯಬೇಡಿ, ಅಲ್ಲಿ ಮಂಗ್ಯಾಗಳ ಕಾಟ.