ಗಾಡಿ ಯಾರದ್ದು?

ನಮಸ್ಕಾರ. ಸಿನಿಮಾ ನೋಡುವಾಗ ನನಗೊಂದು ಕೆಟ್ಟ ಚಟ ಇದೆ. ತೆರೆಯ ಮೇಲೆ ಯಾರಾದರೂ ಕಾರು ಹತ್ತಿ, ಕಿಟಕಿ ಇಳಿಸಿ, ಕೂದಲು ಹಾರಿಸಿಕೊಂಡು ಹೊರಟರೆ ಸಾಕು, ಪಕ್ಕದವರೆಲ್ಲ ಆಹಾ ಅನ್ನುವಾಗ ನನ್ನ ತಲೆಯಲ್ಲಿ ಒಂದೇ ಪ್ರಶ್ನೆ. ಈ ಗಾಡಿ ಯಾರದ್ದು? ಪೆಟ್ರೋಲ್ ಹಾಕಿಸಿದ್ದು ಯಾರು? ಇದಕ್ಕೆ ಮನೆಯಲ್ಲಿ ಬೈಸಿಕೊಂಡಿದ್ದೂ ಇದೆ. ಆದರೆ ಫ್ರಾನ್ಸಿನ ರೋಡ್ ಸಿನಿಮಾಗಳನ್ನು, ಅಂದರೆ ಪಯಣವೇ ಕಥೆಯಾಗಿರುವ ಸಿನಿಮಾಗಳನ್ನು, ಒಂದೊಂದಾಗಿ ನೋಡುತ್ತಾ ಹೋದ ಮೇಲೆ, ಪ್ರಶ್ನೆ ಅಷ್ಟೇನೂ ದಡ್ಡತನದ್ದಲ್ಲ ಅನ್ನಿಸಿತು. ಅಲ್ಲಿನ ನಿರ್ದೇಶಕರ ತಲೆಯನ್ನೂ ಅದೇ ಕೊರೆಯುತ್ತಿತ್ತು ಅಂತ ಕಾಣುತ್ತದೆ.

ಮೊದಲು ದೂರದ ಲೆಕ್ಕ ನೋಡೋಣ. ಪ್ಯಾರಿಸ್‌ನಿಂದ ದಕ್ಷಿಣಕ್ಕೆ, ಇಟಲಿ ಗಡಿಯ ಪಕ್ಕದ ಸಮುದ್ರದಂಡೆಯವರೆಗೆ ಹೋಗುವ ಒಂದು ಹಳೇ ಹೆದ್ದಾರಿ ಇದೆ. ನ್ಯಾಷನಲ್ 7 ಅಂತ ಹೆಸರು. ಉದ್ದ ಸುಮಾರು 1000 ಕಿಲೋಮೀಟರ್. ನಾವು ಬೆಂಗಳೂರಿಂದ ಮುಂಬೈಗೆ ಹೋದಷ್ಟು. ಅಮೆರಿಕದ ಸಿನಿಮಾಗಳಲ್ಲಿ ದಿನಗಟ್ಟಲೆ ಓಡಿಸಿದರೂ ಮುಗಿಯದ ಮರಳುಗಾಡು ಇರುತ್ತದೆ. ಇಲ್ಲಿ ಹಾಗಲ್ಲ. ಬೆಳಿಗ್ಗೆ ಹೊರಟರೆ ರಾತ್ರಿ ಊಟದ ಹೊತ್ತಿಗೆ ಸಮುದ್ರವೇ ಅಡ್ಡ ಬಂದು ನಿಲ್ಲುತ್ತದೆ. ನಡುವೆ ಹತ್ತು ಹದಿನೈದು ನಿಮಿಷಕ್ಕೊಂದು ಊರು, ಚರ್ಚು, ಕಾಫಿ ಅಂಗಡಿ, ಕಿಟಕಿಯಿಂದ ಇಣುಕುವ ಮುಖ. ಎಷ್ಟೇ ಓಡಿದರೂ ಯಾರದ್ದಾದರೂ ಮನೆ ಮುಂದೆಯೇ ಓಡಬೇಕು.

ಈ ದಾರಿಗೆ ಸಾಮಾನ್ಯ ಜನ ಬಂದಿದ್ದೂ ತೀರಾ ಹಳೇ ಕಥೆಯಲ್ಲ. 1936ರಲ್ಲಿ ಕಾರ್ಮಿಕರ ದೊಡ್ಡ ಮುಷ್ಕರಗಳು ನಡೆದು, ಎಡಪಕ್ಷಗಳ ಒಕ್ಕೂಟದ ಸರ್ಕಾರ ವರ್ಷಕ್ಕೆ ಎರಡು ವಾರ ಸಂಬಳಸಹಿತ ರಜೆ ಕೊಟ್ಟಿತು. ಆಗ ಕಾರು ಎಲ್ಲಿತ್ತು? ಸೈಕಲ್ಲಿನಲ್ಲಿ ಹೋದರು, ರಿಯಾಯಿತಿ ಟಿಕೆಟ್ ತಗೊಂಡು ರೈಲಿನಲ್ಲಿ ಹೋದರು. ಎಷ್ಟೋ ಜನ ಸಮುದ್ರ ನೋಡಿದ್ದೇ ಆವತ್ತು. ಯುದ್ಧ ಮುಗಿದ ಮೇಲೆ, 1948ರಲ್ಲಿ, ಸಿಟ್ರೊಯೆನ್ ಕಂಪನಿ ಒಂದು ಡಬ್ಬದಂಥ ಅಗ್ಗದ ಕಾರು ತೋರಿಸಿತು. ಇಬ್ಬರು ರೈತರು ಮತ್ತು ಐವತ್ತು ಕೆಜಿ ಆಲೂಗಡ್ಡೆ ಹೊರಬೇಕು, ಉತ್ತ ಹೊಲದ ಮೇಲೆ ಹೋದರೂ ಬುಟ್ಟಿಯ ಮೊಟ್ಟೆ ಒಡೆಯಬಾರದು, ಹಾಗಂತ ಹೇಳಿ ಮಾಡಿಸಿದ ಕಾರು ಅದು. 1956ಕ್ಕೆ ರಜೆ ಮೂರು ವಾರ ಆಯಿತು. ಅಂದರೆ ಅಲ್ಲಿನವರಿಗೆ ರಸ್ತೆ ಅಂದರೆ ಬರೀ ಡಾಂಬರಲ್ಲ, ಹೋರಾಡಿ ಪಡೆದ ರಜೆ. ಇದು ತಲೆಯಲ್ಲಿದ್ದರೆ ಸಿನಿಮಾಗಳು ಬೇರೆ ಥರ ಕಾಣುತ್ತವೆ.

1960ರಲ್ಲಿ ನಿರ್ದೇಶಕ ಗೊದಾರ್ ಅವರ 'ಬ್ರೆತ್‌ಲೆಸ್' ಬಂತು. ನಾಯಕ ನಟ ಬೆಲ್ಮೊಂಡೊ ಮಾರ್ಸೇಯ್‌ನಲ್ಲಿ ಒಬ್ಬ ಅಮೆರಿಕನ್ ಅಧಿಕಾರಿಯ ಕಾರು ಕದ್ದು ಪ್ಯಾರಿಸ್ ಕಡೆಗೆ ಹೊರಡುತ್ತಾನೆ. ಒಬ್ಬನೇ ಹಾಡುತ್ತಾನೆ, ಮಾತಾಡುತ್ತಾನೆ, ನಡುವೆ ತಿರುಗಿ ನಮ್ಮ ಜೊತೆಗೂ ಮಾತಾಡುತ್ತಾನೆ. ಸ್ವಲ್ಪ ಹೊತ್ತಿಗೆ ಕಾರಿನಲ್ಲಿ ಸಿಕ್ಕ ಪಿಸ್ತೂಲಿನಿಂದ ಪೊಲೀಸನೊಬ್ಬನನ್ನು ಕೊಂದೂ ಆಗಿರುತ್ತದೆ. ಎಲ್ಲರೂ ಈ ಸಿನಿಮಾದ ಸ್ಟೈಲ್ ಬಗ್ಗೆ ಹೇಳುತ್ತಾರೆ, ಹ್ಯಾಟು, ಸಿಗರೇಟು, ತುಟಿ ಮೇಲೆ ಹೆಬ್ಬೆರಳು. ನನಗೆ ನೆನಪಿರುವುದು ಚೆಕ್ಕು. ಅವನಿಗೆ ಬರಬೇಕಾದ ಹಣ ಬರುತ್ತದೆ, ಆದರೆ ಕ್ರಾಸ್ ಮಾಡಿದ ಚೆಕ್ಕಿನ ರೂಪದಲ್ಲಿ. ಪೊಲೀಸರು ಹುಡುಕುತ್ತಿರುವವನು ಬ್ಯಾಂಕಿಗೆ ಹೋಗಿ ಖಾತೆಗೆ ಹಾಕುವುದು ಹೇಗೆ? ಬೇಕಾದ ಕಾರನ್ನು ಬೇಕಾದಾಗ ಎತ್ತಿಕೊಂಡು ಹೋಗುವ ಗಂಡಸು, ಒಂದು ಚೀಟಿಯನ್ನು ನಗದು ಮಾಡಿಕೊಳ್ಳಲಾಗದೆ ಇಡೀ ಪ್ಯಾರಿಸ್ ಅಲೆಯುತ್ತಾನೆ. ಆ ಚೀಟಿಗಾಗಿ ಉಳಿದುಕೊಂಡೇ ಸಿಕ್ಕಿಬೀಳುತ್ತಾನೆ.

ಏಳು ವರ್ಷದ ನಂತರ ಅದೇ ಗೊದಾರ್‌ಗೆ ಕಾರು ಕಂಡರೆ ಆಗದಂತಾಗಿತ್ತು. 1967ರ 'ವೀಕೆಂಡ್'ನಲ್ಲಿ ಗಂಡ ಹೆಂಡತಿ ಹೊರಟಿರುವುದು ರಜೆಗಲ್ಲ, ಅವಳ ಅಪ್ಪನ ಆಸ್ತಿಗೆ. ಇಬ್ಬರೂ ಒಳಗೊಳಗೇ ಒಬ್ಬರನ್ನೊಬ್ಬರು ಮುಗಿಸುವ ಯೋಚನೆಯಲ್ಲಿದ್ದಾರೆ. ಹಳ್ಳಿ ದಾರಿಯಲ್ಲಿ ಟ್ರಾಫಿಕ್ ಜಾಮ್. ಕ್ಯಾಮೆರಾ ಆ ಸಾಲಿನ ಪಕ್ಕ ನಿಧಾನ ಸರಿಯುತ್ತದೆ, ಏಳೆಂಟು ನಿಮಿಷ, ಹಾರ್ನ್ ಒಂದು ಕ್ಷಣ ನಿಲ್ಲುವುದಿಲ್ಲ. ಯಾರೋ ಚೆಸ್ ಆಡುತ್ತಿದ್ದಾರೆ, ಯಾರೋ ಒಂದು ಕಾರಿನಿಂದ ಇನ್ನೊಂದಕ್ಕೆ ಚೆಂಡೆಸೆಯುತ್ತಿದ್ದಾರೆ, ಒಂದು ಹಾಯಿದೋಣಿ ನಿಂತಿದೆ, ಒಂದು ಪೆಟ್ರೋಲ್ ಟ್ಯಾಂಕರ್. ನೀವು ನಗುತ್ತಾ ನೋಡುತ್ತೀರಿ. ಕೊನೆಗೆ ಜಾಮ್ ಯಾಕಾಯಿತು ಅಂತ ಗೊತ್ತಾಗುತ್ತದೆ: ರಸ್ತೆಬದಿಯಲ್ಲಿ ರಕ್ತ, ಹೆಣಗಳು. ನಮ್ಮ ಜೋಡಿ ಆ ಕಡೆ ತಿರುಗಿಯೂ ನೋಡದೆ ಕಾರು ಓಡಿಸಿಕೊಂಡು ಮುಂದೆ ಹೋಗುತ್ತದೆ. ಆಮೇಲೆ ಅವರದ್ದೇ ಕಾರು ಉರಿದಾಗ ಆಕೆ ಕಿರುಚುವುದು ತನ್ನ ದುಬಾರಿ ಕೈಚೀಲಕ್ಕಾಗಿ. ಇಲ್ಲಿ ಗಾಡಿ ಸ್ವಂತದ್ದೇ. ಅದಕ್ಕೇ ಯಾರೂ ಎಲ್ಲಿಗೂ ಹೋಗಲಾಗುತ್ತಿಲ್ಲ! ಸಿನಿಮಾದ ಎರಡನೇ ಅರ್ಧ ನನಗೆ ಅಷ್ಟು ಹಿಡಿಸಲಿಲ್ಲ, ಭಾಷಣ ಜಾಸ್ತಿ. ಆದರೆ ಆ ಏಳೆಂಟು ನಿಮಿಷ ಮರೆಯಲು ಆಗುವುದಿಲ್ಲ.

ಇನ್ನು ನಾನು ನಿಜವಾಗಿ ಹೇಳಬೇಕು ಅಂದುಕೊಂಡು ಬಂದ ಸಿನಿಮಾ. ಇದರಲ್ಲಿ ನಾಯಕಿಗೆ ಗಾಡಿಯೇ ಇಲ್ಲ.

ಆನ್ಯೆಸ್ ವಾರ್ದಾ 1985ರಲ್ಲಿ ಮಾಡಿದ 'ಸಾಂ ತ್ವಾ ನಿ ಲ್ವಾ'. ಸೂರೂ ಇಲ್ಲ, ಕಾನೂನೂ ಇಲ್ಲ ಅಂತ ಅರ್ಥ. ಆ ವರ್ಷ ವೆನಿಸ್ ಚಿತ್ರೋತ್ಸವದಲ್ಲಿ ಗೋಲ್ಡನ್ ಲಯನ್ ಬಂತು. ದಕ್ಷಿಣ ಫ್ರಾನ್ಸಿನ ದ್ರಾಕ್ಷಿತೋಟಗಳು, ಚಳಿಗಾಲ. ಬೇಸಿಗೆಯಲ್ಲಿ ಪ್ಯಾರಿಸ್ಸಿನವರೆಲ್ಲ ಬಂದು ಬಿದ್ದುಕೊಳ್ಳುವ ಅದೇ ದಕ್ಷಿಣ, ಆದರೆ ಈಗ ಎಲ್ಲ ಬಾಗಿಲು ಹಾಕಿದೆ. ತೋಟದ ಕೂಲಿಯವನೊಬ್ಬನಿಗೆ ಮೋರಿಯಲ್ಲಿ ಒಂದು ಹೆಣ ಸಿಗುತ್ತದೆ. ಚಳಿಗೆ ಸೆಟೆದು ಸತ್ತ ಹುಡುಗಿ. ಕಥೆ ಶುರುವಾಗುವುದೇ ಅಲ್ಲಿಂದ. ಅವಳು ಸಾಯುತ್ತಾಳೆ ಅಂತ ಗೊತ್ತಿಟ್ಟುಕೊಂಡೇ ಅವಳು ನಡೆಯುವುದನ್ನು ನಾವು ನೋಡಬೇಕು.

ಹೆಸರು ಮೋನಾ. ಸಾಂದ್ರೀನ್ ಬೊನೇರ್ ಮಾಡಿದ್ದು, ಆಗ ಆಕೆಗೆ ಇಪ್ಪತ್ತೂ ಆಗಿರಲಿಲ್ಲ. ಮೋನಾ ಹಿಂದೆ ಸೆಕ್ರೆಟರಿ ಆಗಿದ್ದವಳು. ಬಾಸುಗಳ ಕಾಟ ಸಾಕಾಗಿ ಬಿಟ್ಟು ಬಂದವಳು. ಬೆನ್ನಿಗೊಂದು ಚೀಲ, ಒಂದು ಟೆಂಟು, ಕಾಲಿಗೆ ಬೂಟು. ಆ ಬೂಟು ನೋಡಿ ನೀವು. ಮೊದಲು ಗಟ್ಟಿಯಾಗಿರುತ್ತದೆ. ಬರಬರುತ್ತಾ ಜಿಪ್ ಕಿತ್ತುಹೋಗಿ, ಕೊನೆಕೊನೆಗೆ ನಡೆಯುವಾಗ ಪಟಪಟ ಅಂತ ತೂಗಾಡುತ್ತದೆ. ಸಂಭಾಷಣೆಯಲ್ಲಿ ಯಾರೂ ಇದನ್ನು ಹೇಳುವುದಿಲ್ಲ. ಬೂಟೇ ಎಲ್ಲ ಹೇಳುತ್ತದೆ.

ಅವಳು ಒಳ್ಳೆ ಹುಡುಗಿ ಅಂತ ನಮ್ಮನ್ನು ಒಪ್ಪಿಸಲು ವಾರ್ದಾ ಸ್ವಲ್ಪವೂ ಹೋಗುವುದಿಲ್ಲ. ಮೋನಾ ಸ್ನಾನ ಮಾಡಿಲ್ಲ, ನಾರುತ್ತಾಳೆ. ಥ್ಯಾಂಕ್ಸ್ ಹೇಳುವುದಿಲ್ಲ. ಕೊಟ್ಟ ಕೆಲಸ ಮಾಡುವುದಿಲ್ಲ. ಫಿಲಾಸಫಿ ಓದಿ, ಅದನ್ನು ಬಿಟ್ಟು ಆಡು ಸಾಕಿಕೊಂಡಿರುವ ಒಬ್ಬ ಇರುವುದಕ್ಕೆ ಜಾಗ ಕೊಡುತ್ತಾನೆ, ಬೆಳೆದುಕೋ ಅಂತ ತುಂಡು ಭೂಮಿ ಕೊಡುತ್ತಾನೆ. ಇವಳು ಮಲಗಿರುತ್ತಾಳೆ. ನೀನು ಆರಿಸಿಕೊಂಡಿದ್ದು ಸ್ವಾತಂತ್ರ್ಯ, ಸಿಕ್ಕಿದ್ದು ಒಂಟಿತನ, ಅನ್ನೋ ಅರ್ಥದಲ್ಲಿ ಅವನು ಬುದ್ಧಿ ಹೇಳುತ್ತಾನೆ. ಅವನ ಮಾತು ಸುಳ್ಳಲ್ಲ. ಆದರೂ ಕೇಳುವಾಗ ಮೈ ಉರಿಯುತ್ತದೆ. ಸೂರಿದ್ದವನು ಸೂರಿಲ್ಲದವಳಿಗೆ ಹೇಳುವ ಬುದ್ಧಿಮಾತು ಎಲ್ಲ ಕಡೆಯೂ ಹಾಗೇ ಅಲ್ವಾ?

ಮೋನಾಳನ್ನು ಕಂಡವರೆಲ್ಲ ಒಬ್ಬೊಬ್ಬರಾಗಿ ಬಂದು ಕ್ಯಾಮೆರಾಕ್ಕೆ ಸಾಕ್ಷಿ ಹೇಳುತ್ತಾರೆ. ಇವರಲ್ಲಿ ಬಹಳ ಜನ ಆ ಊರುಗಳ ನಿಜವಾದ ಜನ, ನಟರಲ್ಲ. ಅವಳಿಗೆ ನೀರು ಕೊಟ್ಟ ಮನೆಯ ಹುಡುಗಿ ಊಟಕ್ಕೆ ಕೂತಾಗ, ನಾನೂ ಅವಳ ಹಾಗೆ ಇದ್ದಿದ್ದರೆ ಅನ್ನುತ್ತಾಳೆ. ಇನ್ನೊಬ್ಬರಿಗೆ ಅವಳು ಕಳ್ಳಿ. ಇನ್ನೊಬ್ಬರಿಗೆ ಸುಮ್ನೆ ಒಂದು ವಾಸನೆ. ಅವಳ ಬಗ್ಗೆ ಅಂತ ಶುರು ಮಾಡಿ ಎಲ್ಲರೂ ತಮ್ಮ ಬಗ್ಗೆಯೇ ಹೇಳಿ ಹೋಗುತ್ತಾರೆ. ಒಬ್ಬನನ್ನು ಬಿಟ್ಟು. ಅಸೂನ್, ಟ್ಯುನೀಸಿಯಾದಿಂದ ಬಂದು ದ್ರಾಕ್ಷಿಬಳ್ಳಿ ಸವರುವ ಕೂಲಿ. ಬಳ್ಳಿಯನ್ನು ಹೇಗೆ ಕತ್ತರಿಸಬೇಕು ಅಂತ ಮೋನಾಗೆ ಕೈಹಿಡಿದು ಕಲಿಸುತ್ತಾನೆ, ಇರಲು ಜಾಗ ಕೊಡುತ್ತಾನೆ. ಆಮೇಲೆ ಅವನ ಜೊತೆಯ ಮೊರಾಕೊದ ಕೂಲಿಗಳು ಊರಿಂದ ವಾಪಸು ಬಂದು, ಹೆಂಗಸು ಇಲ್ಲಿ ಬೇಡ ಅನ್ನುತ್ತಾರೆ. ಅವನು ತಾನೇ ಆ ಕೋಣೆಯಲ್ಲಿ ಪಾಲುಗಾರ, ಯಜಮಾನ ಅಲ್ಲವಲ್ಲ. ಅವಳು ಬೈದು ಹೊರಟುಹೋಗುತ್ತಾಳೆ. ಸಾಕ್ಷಿ ಹೇಳುವ ಸರದಿ ಬಂದಾಗ ಅಸೂನ್ ಒಂದು ಮಾತೂ ಆಡುವುದಿಲ್ಲ. ಅವಳ ಸ್ಕಾರ್ಫು ಕೈಯಲ್ಲಿದೆ. ಮುಖಕ್ಕೆ ಹಿಡಿದು ಮೂಸುತ್ತಾನೆ, ನಮ್ಮನ್ನು ನೋಡುತ್ತಾನೆ. ಅಷ್ಟೇ.

ಇನ್ನೊಂದು ವಿಷಯ ಇದೆ, ಸುಮ್ಮನೆ ನೋಡಿದರೆ ತಪ್ಪಿಹೋಗುತ್ತದೆ. ಮೋನಾ ನಡೆಯುವಾಗ ಕ್ಯಾಮೆರಾ ಅವಳ ಜೊತೆ ಬಲದಿಂದ ಎಡಕ್ಕೆ ಸರಿಯುತ್ತದೆ. ನಾವು ಓದುವುದು ಎಡದಿಂದ ಬಲಕ್ಕೆ, ಫ್ರೆಂಚರೂ ಹಾಗೇ. ಅಂದರೆ ಅವಳು ಓದಿನ ದಿಕ್ಕಿಗೆ ಎದುರಾಗಿ ನಡೆಯುತ್ತಿದ್ದಾಳೆ. ಜೊತೆಗೆ ಕ್ಯಾಮೆರಾ ಅವಳಿಗಾಗಿ ಕಾಯುವುದೂ ಇಲ್ಲ. ಅವಳನ್ನು ಹಿಂದೆ ಬಿಟ್ಟು ಮುಂದೆ ಹೋಗಿ, ಯಾವುದೋ ಕಂಬದ ಮೇಲೋ ಹೊಲದ ಯಂತ್ರದ ಮೇಲೋ ನಿಂತುಬಿಡುತ್ತದೆ. ಒಬ್ಬ ಪ್ರೊಫೆಸರಮ್ಮ ಅವಳನ್ನು ಕಾರಿಗೆ ಹತ್ತಿಸಿಕೊಳ್ಳುತ್ತಾಳೆ. ಆಕೆಯ ಅಧ್ಯಯನ ದಾರಿಬದಿಯ ಪ್ಲೇನ್ ಮರಗಳ ಮೇಲೆ. ಫ್ರಾನ್ಸಿನ ರಸ್ತೆಗಳ ಫೋಟೋಗಳಲ್ಲಿ ಎರಡೂ ಕಡೆ ಸಾಲಾಗಿ ನಿಂತಿರುತ್ತವಲ್ಲ, ಅವೇ. ಎರಡನೇ ಮಹಾಯುದ್ಧದಲ್ಲಿ ಅಮೆರಿಕದ ಸೇನೆಯ ಮರದ ಪೆಟ್ಟಿಗೆಗಳ ಜೊತೆ ಬಂದ ಒಂದು ಶಿಲೀಂಧ್ರ ಅವನ್ನು ಒಳಗಿಂದ ತಿನ್ನುತ್ತಿದೆ. ಆಕೆ ಮರದ ರೋಗಕ್ಕೆ ಮದ್ದು ಹುಡುಕುತ್ತಾಳೆ, ಮೋನಾಗೆ ತಿನ್ನಲು ಕೊಡುತ್ತಾಳೆ, ಆಮೇಲೆ ದಾರಿಯಲ್ಲಿ ಇಳಿಸಿ ಹೋಗುತ್ತಾಳೆ. ಕಾರಿದ್ದವರ ಕರುಣೆ ಇಳಿಸುವ ಜಾಗದವರೆಗೆ. ಈ ಸಿನಿಮಾ ನೋಡಿದ ರಾತ್ರಿ ನನಗೆ ನಿದ್ದೆ ಹತ್ತಲಿಲ್ಲ, ನಾನೂ ಎಷ್ಟು ಸಲ ಹಾಗೆ ಇಳಿಸಿ ಬಂದಿದ್ದೇನೆ ಅಂತ ಲೆಕ್ಕ ಹಾಕುತ್ತಿದ್ದೆ.

ಅಸೂನ್‌ನಂಥವರೇ ಸ್ಟೀರಿಂಗ್ ಹಿಡಿದರೆ ಹೇಗಿರುತ್ತದೆ? 2004ರಲ್ಲಿ ಇಸ್ಮಾಯಿಲ್ ಫೆರೂಖಿ ಅದನ್ನೇ ಮಾಡಿದರು, 'ಲ ಗ್ರಾಂ ವೊಯಾಜ್', ದೊಡ್ಡ ಪಯಣ. ಮೊರಾಕೊದಿಂದ ಬಂದು ದಕ್ಷಿಣ ಫ್ರಾನ್ಸಿನಲ್ಲಿ ನೆಲೆಸಿದ ಮುದುಕ, ಹಜ್‌ಗೆ ಕಾರಿನಲ್ಲೇ ಹೋಗಬೇಕು ಅನ್ನುತ್ತಾನೆ. ಓಡಿಸಬೇಕಿದ್ದ ದೊಡ್ಡ ಮಗನ ಲೈಸೆನ್ಸ್ ಪೊಲೀಸರು ಕಿತ್ತುಕೊಂಡಿದ್ದಾರೆ. ಪರೀಕ್ಷೆ ತಲೆ ಮೇಲಿದ್ದರೂ ಚಿಕ್ಕವನು ರೆಡಾ ಅಣ್ಣನ ಜಾಗಕ್ಕೆ ಕೂರಬೇಕು. ಇಟಲಿ, ಬಾಲ್ಕನ್ ದೇಶಗಳು, ಟರ್ಕಿ, ಸಿರಿಯಾ, ಜೋರ್ಡಾನ್. ಅಪ್ಪ ಅರಬ್ಬಿಯಲ್ಲಿ ಮಾತಾಡುತ್ತಾನೆ, ಮಗ ಫ್ರೆಂಚಿನಲ್ಲಿ ಉತ್ತರ ಕೊಡುತ್ತಾನೆ. ಮಗ ನಿದ್ದೆ ಹೋದಾಗ ಅಪ್ಪ ಅವನ ಮೊಬೈಲನ್ನು ಎತ್ತಿ ಕಸದ ಡಬ್ಬಿಗೆ ಹಾಕುತ್ತಾನೆ. ನನಗಂತೂ ನಗು ಬಂತು, ಆಮೇಲೆ ಹೆದರಿಕೆಯೂ ಆಯಿತು.

ವಿಮಾನದಲ್ಲಿ ಯಾಕೆ ಹೋಗಲಿಲ್ಲ ಅಂತ ರೆಡಾ ಕೊನೆಗೂ ಕೇಳುತ್ತಾನೆ. ಅಪ್ಪ ಹೇಳುವುದು ಇಷ್ಟು: ಸಮುದ್ರದ ನೀರು ಉಪ್ಪು, ಮೇಲೆ ಮೋಡದ ತನಕ ಏರುತ್ತಾ ಏರುತ್ತಾ ಅದು ಸಿಹಿಯಾಗುತ್ತದೆ. ಹಾಗಾಗಿ ಕುದುರೆಗಿಂತ ಕಾಲ್ನಡಿಗೆ ವಾಸಿ, ಕಾರಿಗಿಂತ ಕುದುರೆ ವಾಸಿ, ಹಡಗಿಗಿಂತ ಕಾರು, ವಿಮಾನಕ್ಕಿಂತ ಹಡಗು. ಯೋಚಿಸಿ ನೋಡಿ, ಬೆಲ್ಮೊಂಡೊಗೆ ಕಾರು ಅಂದರೆ ವೇಗ. ಈ ಮುದುಕನಿಗೆ ಕಾರು ಅಂದರೆ ನಿಧಾನ. ಎದ್ದು ಹೋಗಲಾಗದ ಹಾಗೆ ಮಗನನ್ನು ಪಕ್ಕದಲ್ಲಿ ಕೂರಿಸಿಕೊಳ್ಳುವ ಉಪಾಯ ಅದು. ಅಪ್ಪ ಮೆಕ್ಕಾ ತಲುಪುತ್ತಾನೆ, ಅಲ್ಲೇ ತೀರಿಕೊಳ್ಳುತ್ತಾನೆ. ಮಗ ಕಾರು ಮಾರುತ್ತಾನೆ.

2010ರ 'ಮಾಮೂತ್'ನಲ್ಲಿ ನಟ ದೆಪಾರ್ದ್ಯೂ ಹಂದಿ ಕಸಾಯಿಖಾನೆಯಿಂದ ನಿವೃತ್ತನಾದ ಕೆಲಸಗಾರ. ಪಿಂಚಣಿ ಬೇಕಾದರೆ ಹಳೇ ಮಾಲೀಕರಿಂದೆಲ್ಲ ಸಂಬಳ ಚೀಟಿ ತಂದುಕೊಡು ಅನ್ನುತ್ತಾರೆ. ಸರಿ, ಶೆಡ್ಡಿನಲ್ಲಿದ್ದ ಯೌವನದ ಕಾಲದ ದೈತ್ಯ ಬೈಕು ತೆಗೆದು ಹೊರಡುತ್ತಾನೆ. ಗಾಡಿ ಅವನದ್ದೇ, ಆದರೆ ಬದುಕಿದ್ದಕ್ಕೇ ದಾಖಲೆ ಇಲ್ಲ. ಮುಚ್ಚಿದ ಕಾರ್ಖಾನೆ, ಸತ್ತ ಮಾಲೀಕ, ಲೆಕ್ಕಕ್ಕೇ ಬರೆದುಕೊಳ್ಳದೆ ದುಡಿಸಿಕೊಂಡವರು. ಅದರಲ್ಲೊಂದು ದೃಶ್ಯ: ಹೋಟೆಲಿನಲ್ಲಿ ಗಂಡಸರು ಬೇರೆಬೇರೆ ಮೇಜಿನಲ್ಲಿ ಒಂಟಿಯಾಗಿ ಊಟಕ್ಕೆ ಕೂತಿದ್ದಾರೆ. ಒಬ್ಬ ಮನೆಗೆ ಫೋನು ಮಾಡಿ ಮಗುವಿನ ಜೊತೆ ಮಾತಾಡುತ್ತಾ ಅಳಲು ಶುರು ಮಾಡುತ್ತಾನೆ. ನೋಡುತ್ತಾ ನೋಡುತ್ತಾ ಉಳಿದವರೂ ಅಳುತ್ತಾರೆ, ತಟ್ಟೆ ಮುಂದಿಟ್ಟುಕೊಂಡು. ಆ ವರ್ಷವೇ ಅಲ್ಲಿನ ಸರ್ಕಾರ ನಿವೃತ್ತಿ ವಯಸ್ಸನ್ನು 60ರಿಂದ 62ಕ್ಕೆ ಏರಿಸಿತು, ಲಕ್ಷಾಂತರ ಜನ ಬೀದಿಗಿಳಿದರು.

2013ರ 'ಎಲ್ ಸಾಂ ವಾ'ದಲ್ಲಿ ಕ್ಯಾಥರೀನ್ ದನೇವ್, ಸಾಲದಲ್ಲಿ ಮುಳುಗಿದ ಹೋಟೆಲಿನ ಒಡತಿ, ಸಿಗರೇಟು ತರುತ್ತೀನಿ ಅಂತ ಹೊರಟವಳು ವಾಪಸು ಬರುವುದೇ ಇಲ್ಲ. ಅಂಗಡಿಗಳೆಲ್ಲ ಮುಚ್ಚಿವೆ. ಒಬ್ಬ ಮುದಿ ರೈತ, ಬಾ ನಾನು ಸುತ್ತಿ ಕೊಡುತ್ತೇನೆ ಅನ್ನುತ್ತಾನೆ. ಅವನ ಬೆರಳುಗಳು ಗಂಟುಗಟ್ಟಿ ದಪ್ಪಗಾಗಿವೆ. ತಂಬಾಕು ಕಾಗದದಿಂದ ಜಾರುತ್ತದೆ. ಎಷ್ಟೋ ಹೊತ್ತಾಗುತ್ತದೆ, ಅವಳು ಕಾಯುತ್ತಾಳೆ. ಕಾರಿನಲ್ಲಿ ಕೂತೇ ಇದ್ದಿದ್ದರೆ ಈ ಕೈಗಳನ್ನು ನೋಡುತ್ತಲೇ ಇರಲಿಲ್ಲ.

ಪೆಟ್ರೋಲಿನ ಪ್ರಶ್ನೆಗೆ ಬರದೆ ಮುಗಿಸಲಾಗುವುದಿಲ್ಲ. ಫ್ರಾನ್ಸಿನಲ್ಲಿ 2008ರಿಂದ ಪ್ರತಿ ಕಾರಿನಲ್ಲೂ ಒಂದು ಹಳದಿ ಜಾಕೆಟ್ ಇಡಲೇಬೇಕು, ಗಾಡಿ ಕೆಟ್ಟು ನಿಂತರೆ ಹಾಕಿಕೊಳ್ಳಲು. 2018ರ ನವೆಂಬರ್‌ನಲ್ಲಿ ಇಂಧನ ತೆರಿಗೆ ಏರುತ್ತದೆ ಅಂದಾಗ, ದಿನಾ ದೂರದ ಕೆಲಸಕ್ಕೆ ಕಾರಿನಲ್ಲೇ ಹೋಗಬೇಕಾದ ಸಣ್ಣ ಊರುಗಳ ಜನ ಅದನ್ನೇ ತೊಟ್ಟು ರಸ್ತೆಯ ವೃತ್ತಗಳಲ್ಲಿ ಬೆಂಕಿ ಹಾಕಿ ಕೂತರು. ಎಷ್ಟೋ ಜನಕ್ಕೆ ತಿಂಗಳ ಕೊನೆಗೆ ಟ್ಯಾಂಕು ತುಂಬಿಸುವುದೇ ಕಷ್ಟವಾಗಿತ್ತು. ಫ್ರಾಂಸ್ವಾ ರುಫಾಂ ಮತ್ತು ಜಿಲ್ ಪೆರೆ ಕಾರಿನಲ್ಲಿ ವೃತ್ತದಿಂದ ವೃತ್ತಕ್ಕೆ ಹೋಗಿ ಅವರ ಮಾತು ಕೇಳಿ, 2019ರಲ್ಲಿ ಒಂದು ಸಾಕ್ಷ್ಯಚಿತ್ರ ಬಿಡುಗಡೆ ಮಾಡಿದರು. ಅದರಲ್ಲಿ ಎಲ್ಲಿಗೋ ಓಡಿಹೋಗುವವರು ಯಾರೂ ಇಲ್ಲ. ಗಾಡಿ ಪಕ್ಕಕ್ಕೆ ನಿಲ್ಲಿಸಿ, ಎಷ್ಟೋ ವರ್ಷದಿಂದ ಮಾತಾಡಿಸದ ಅಕ್ಕಪಕ್ಕದವರ ಜೊತೆ ಚಳಿ ಕಾಯಿಸಿಕೊಳ್ಳುತ್ತಿದ್ದಾರೆ.

ವಾರ್ದಾಗೇ ವಾಪಸು ಬರುತ್ತೇನೆ, ಬಿಡಲಾಗುತ್ತಿಲ್ಲ. ಹೊಲದಲ್ಲಿ ಉಳಿದ ಕಾಳು, ಬಿಸಾಡಿದ ಆಲೂಗಡ್ಡೆ ಆಯುವವರ ಬಗ್ಗೆ 2000ದಲ್ಲಿ ಆಕೆ ಒಂದು ಸಾಕ್ಷ್ಯಚಿತ್ರ ಮಾಡಿದರು. ಆಗ ವಯಸ್ಸು ಎಪ್ಪತ್ತು ದಾಟಿತ್ತು. ಹೆದ್ದಾರಿಯಲ್ಲಿ ಹೋಗುತ್ತಿದ್ದಾರೆ, ಕಾರು ಓಡಿಸುತ್ತಿರುವುದು ಬೇರೆ ಯಾರೋ. ಒಂದು ಕೈಯಲ್ಲಿ ಸಣ್ಣ ಡಿಜಿಟಲ್ ಕ್ಯಾಮೆರಾ. ಇನ್ನೊಂದು ಕೈಯ ಹೆಬ್ಬೆರಳು ತೋರುಬೆರಳು ಸೇರಿಸಿ ಉಂಗುರ ಮಾಡಿ, ಮುಂದೆ ಹೋಗುತ್ತಿರುವ ಲಾರಿಗಳನ್ನು ಅದರೊಳಗೆ ಹಿಡಿಯುತ್ತಾರೆ. ಬೆರಳು ಮುಚ್ಚಿದರೆ ಲಾರಿ ಗಾಯಬ್. ಹಾದುಹೋಗುವುದನ್ನು ಹಿಡಿದಿಟ್ಟುಕೊಳ್ಳಲಿಕ್ಕಾ ಇದು ಅಂತ ತಮ್ಮನ್ನೇ ಕೇಳಿಕೊಂಡು, ಇಲ್ಲಪ್ಪ, ಸುಮ್ನೆ ಆಟಕ್ಕೆ ಅನ್ನುತ್ತಾರೆ. ಅಷ್ಟರಲ್ಲಿ ಇನ್ನೊಂದು ಲಾರಿ ಬರುತ್ತದೆ. ಅದನ್ನೂ ಹಿಡಿಯುತ್ತಾರೆ.

ನಮಸ್ಕಾರ.