ಹದಿನೆಂಟಕ್ಕೂ ತೊಂಬತ್ತಕ್ಕೂ ಒಂದೇ ದನಿ

ಕೇಳುಗರಿಗೆ ನಮಸ್ಕಾರ.

ಹಯಾವೊ ಮಿಯಾಝಾಕಿ ಅವರ ‘ಹೌಲ್ಸ್ ಮೂವಿಂಗ್ ಕ್ಯಾಸಲ್’ ಎಂಬ ಜಪಾನಿ ಆನಿಮೇಷನ್ ಚಿತ್ರ ಬಂದದ್ದು 2004ರಲ್ಲಿ. ಅದರ ನಾಯಕಿ ಸೋಫಿ, ಟೋಪಿ ಅಂಗಡಿಯಲ್ಲಿ ಕೆಲಸ ಮಾಡುವ ಹದಿನೆಂಟರ ಹುಡುಗಿ. ಒಂದು ರಾತ್ರಿ ಮಾಟಗಾತಿಯೊಬ್ಬಳ ಶಾಪದಿಂದ ಇದ್ದಕ್ಕಿದ್ದಂತೆ ಮುದುಕಿಯಾಗುತ್ತಾಳೆ. ಇಂಗ್ಲಿಷ್ ಡಬ್ಬಿಂಗ್‌ನಲ್ಲಿ ಹುಡುಗಿಗೆ ಒಬ್ಬ ನಟಿ, ಮುದುಕಿಗೆ ಇನ್ನೊಬ್ಬರು. ಜಪಾನಿ ಭಾಷೆಯಲ್ಲಿ ಮಾತ್ರ ಎರಡಕ್ಕೂ ಒಬ್ಬರೇ: ಚಿಯೆಕೊ ಬೈಶೋ. ಆಗ ಅವರಿಗೆ 63.

ಶಾಪದ ಮರುದಿನ ಬೆಳಿಗ್ಗೆ ಸೋಫಿ ಹಾಸಿಗೆ ಬಿಟ್ಟೇಳುವುದಿಲ್ಲ. ಬಾಗಿಲಾಚೆ ತಾಯಿ. ಶೀತ ಆಗಿದೆ, ಒಳಗೆ ಬರಬೇಡ ಅಂತ ಸೋಫಿ ಕೂಗಿ ಹೇಳುತ್ತಾಳೆ. ಎಂಥಾ ಕೆಟ್ಟ ದನಿ, ತೊಂಬತ್ತರ ಅಜ್ಜಿ ಮಾತಾಡಿದ ಹಾಗಿದೆ ಅಂತ ತಾಯಿ ಹೇಳಿ ಹೋಗುತ್ತಾಳೆ. ನೋಡಿ, ಸೋಫಿಯ ವಯಸ್ಸು ಗೊತ್ತಾಗುವುದೇ ದನಿಯಿಂದ! ಸುಮ್ನೆ ಗೊರಗೊರ ಅನ್ನಿಸಿದ್ದರೆ ಮಿಮಿಕ್ರಿ ಆಗುತ್ತಿತ್ತು. ಬೈಶೋ ಹಾಗೆ ಮಾಡುವುದಿಲ್ಲ. ಮಾತು ನಿಧಾನವಾಗುತ್ತದೆ, ಉಸಿರು ಕೇಳಿಸುತ್ತದೆ, ಆದರೆ ಒಳಗಿರುವವಳು ಅದೇ ಹುಡುಗಿ. ಮುಂದೆ ಅರಮನೆಯಲ್ಲಿ ಮಾಂತ್ರಿಕ ಹೌಲ್‌ನ ಪರವಾಗಿ ವಾದಿಸುತ್ತಾ ಸೋಫಿ ತನಗೇ ಗೊತ್ತಿಲ್ಲದೆ ಹುಡುಗಿಯಾಗುತ್ತಾಳೆ. ಕಣ್ಣು ಮುಚ್ಚಿಕೊಂಡು ಕೇಳಿದರೂ ಆ ಬದಲಾವಣೆ ತಿಳಿಯುತ್ತದೆ.

ಬೈಶೋ ಹುಟ್ಟಿದ್ದು 1941ರಲ್ಲಿ, ಟೋಕಿಯೊದಲ್ಲಿ. ತಂದೆ ಟ್ರ್ಯಾಮ್ ಚಾಲಕ. ಹಾಡು ಕುಣಿತ ಕಲಿತು ಶೋಚಿಕು ಸಿನಿಮಾ ಕಂಪನಿಯ ಹೆಣ್ಣುಮಕ್ಕಳ ನೃತ್ಯತಂಡ ಸೇರಿದರು. 1961ರಲ್ಲಿ ಸಿನಿಮಾಕ್ಕೆ ಬಂದರು. ಮರುವರ್ಷ ಅವರ ಒಂದು ಹಾಡು ಹಿಟ್ ಆಯಿತು, 1963ರಲ್ಲಿ ಅದೇ ಹೆಸರಿನ ಚಿತ್ರವೂ ಬಂತು. ನಿರ್ದೇಶಕ ಯೋಜಿ ಯಮಾಡ.

ಅದೇ ಯಮಾಡ 1969ರಲ್ಲಿ ‘ಟೋರಾ-ಸಾನ್’ ಚಿತ್ರಸರಣಿ ಶುರು ಮಾಡಿದರು. ಊರೂರು ಅಲೆದು ಸಾಮಾನು ಮಾರುವ ಅಣ್ಣ ಟೋರಾ ಆಗಿ ಕಿಯೋಶಿ ಅತ್ಸುಮಿ, ಟೋಕಿಯೊದ ಶಿಬಾಮಾತಾದಲ್ಲಿ ಸಂಸಾರ ನಡೆಸುವ ತಂಗಿ ಸಕುರಾ ಆಗಿ ಬೈಶೋ. 1995ರ ಹೊತ್ತಿಗೆ 48 ಚಿತ್ರಗಳು! ಹೆಚ್ಚಿನ ಚಿತ್ರಗಳಲ್ಲಿ ಅಣ್ಣನ ಮನಸ್ಸು ಕದಿಯಲು ಹೊಸ ನಟಿಯೊಬ್ಬರು ಬರುತ್ತಾರೆ. ಪೋಸ್ಟರು, ಸುದ್ದಿ ಎಲ್ಲ ಅವರದ್ದೇ. ಸಕುರಾಗೆ ಸಿಗುವುದು ಏನು? ಅಣ್ಣ ಜಗಳವಾಡಿ ಹೊರಟಾಗ ಸ್ಟೇಷನ್‌ವರೆಗೂ ಹೋಗಿ ಬೀಳ್ಕೊಡುವುದು. ನನ್ನ ಪ್ರಕಾರ ಇಡೀ ಸರಣಿ ನಿಂತಿರುವುದೇ ಆ ತಂಗಿಯ ಮೇಲೆ. ಅವಳು ಅಳದಿದ್ದರೆ ಟೋರಾ ಬರೀ ಕೋಡಂಗಿ ಆಗುತ್ತಿದ್ದ. 1996ರಲ್ಲಿ ಅತ್ಸುಮಿ ತೀರಿಕೊಂಡರು. 2019ರಲ್ಲಿ ಬಂದ 50ನೇ ಚಿತ್ರದಲ್ಲೂ ಬೈಶೋ ಸಕುರಾ ಆಗಿದ್ದರು.

ಈ ನಡುವೆ ಅವರು ತಂಗಿ ಪಾತ್ರಕ್ಕೇ ಅಂಟಿಕೊಂಡಿರಲಿಲ್ಲ. ನಟ ಕೆನ್ ತಕಾಕುರಾ ಜತೆ ಹೊಕ್ಕೈದೊದಲ್ಲಿ ತೆಗೆದ ಚಿತ್ರಗಳಿವೆ, ಪ್ರಶಸ್ತಿಗಳೂ ಬಂದವು.

ಆದರೆ 2022ರ ‘ಪ್ಲ್ಯಾನ್ 75’ ಬೇರೆಯೇ ಮಾತು. ನಿರ್ದೇಶಕಿ ಚಿಯೆ ಹಯಾಕಾವಾ. 75 ತುಂಬಿದವರು ಬೇಕಾದರೆ ಸಾಯಬಹುದು, ಖರ್ಚು ಸರ್ಕಾರದ್ದು: ಇದು ಕಥೆಯಲ್ಲಿರುವ ಯೋಜನೆ. ಬೈಶೋ ಮಾಡಿದ 78ರ ಮಿಚಿ ಹೋಟೆಲಿನಲ್ಲಿ ಕೋಣೆ ಗುಡಿಸಿ ಬದುಕುವವಳು. ಕೆಲಸ ಹೋಗುತ್ತದೆ, ಬೇರೆ ಕೆಲಸ ಸಿಗುವುದಿಲ್ಲ, ಕೊನೆಗೆ ಯೋಜನೆಗೆ ಹೆಸರು ಕೊಡುತ್ತಾಳೆ. ಆಮೇಲೆ ಅವಳೊಂದಿಗೆ ಮಾತಾಡಲು ಕಾಲ್ ಸೆಂಟರಿನ ಹುಡುಗಿಯೊಬ್ಬಳು ಫೋನ್ ಮಾಡುತ್ತಾಳೆ. ಪ್ರತಿ ಸಲ 15 ನಿಮಿಷ ಮಾತ್ರ. ಆ ಫೋನ್ ಮಾತುಗಳಲ್ಲಿ ಬೈಶೋ ಒಮ್ಮೆಯೂ ಕರುಣೆ ಬೇಡುವುದಿಲ್ಲ. ಹರಟುತ್ತಾರೆ, ಥ್ಯಾಂಕ್ಸ್ ಹೇಳುತ್ತಾರೆ. ಕೇಳುವವರಿಗೇ ಗಂಟಲು ಕಟ್ಟುತ್ತದೆ.

ಯಮಾಡ ಅವರ ಹೊಸ ಚಿತ್ರ ‘ಟೋಕಿಯೊ ಟ್ಯಾಕ್ಸಿ’ 2025ರ ನವೆಂಬರಿನಲ್ಲಿ ಬಿಡುಗಡೆಯಾಯಿತು. ಆಗ ನಿರ್ದೇಶಕರಿಗೆ 94, ನಾಯಕಿ ಬೈಶೋಗೆ 84. ಶಿಬಾಮಾತಾದಲ್ಲಿ ಟ್ಯಾಕ್ಸಿ ಹತ್ತಿ ವೃದ್ಧಾಶ್ರಮಕ್ಕೆ ಹೊರಟ ಮಹಿಳೆಯ ಕಥೆ. ಟ್ಯಾಕ್ಸಿ ಓಡಿಸುವವರು ತಕುಯಾ ಕಿಮುರಾ. ಅಂದು ಹೌಲ್‌ಗೆ ದನಿ ಕೊಟ್ಟವರು ಇವರೇ.