'ವೆರಿ' ಅಂದರೆ ಒಂದು ಕಾಲಕ್ಕೆ 'ನಿಜ'

ಕೇಳುಗರಿಗೆ ನಮಸ್ಕಾರ.

ವೆರಿ ಗುಡ್, ವೆರಿ ನೈಸ್, ವೆರಿ ಸಾರಿ. ಇಂಗ್ಲಿಷ್ ಅಷ್ಟಾಗಿ ಬಾರದವರ ಬಾಯಲ್ಲೂ ಈ 'ವೆರಿ' ಸಲೀಸಾಗಿ ಬರುತ್ತದೆ. ಅರ್ಥ ಕೇಳಿದರೆ 'ತುಂಬಾ' ಅಂತೀವಿ. ಆದರೆ ಈ ಪದ ಇಂಗ್ಲಿಷಿಗೆ ಬಂದಾಗ ಅದರ ಅರ್ಥ 'ನಿಜವಾದ' ಅಂತ ಇತ್ತು.

ಬೇರು ಲ್ಯಾಟಿನ್ನಿನಲ್ಲಿದೆ. ಅಲ್ಲಿ 'ವೇರುಸ್' ಅಂದರೆ ನಿಜ. ಹಳೆಯ ಫ್ರೆಂಚಿನಲ್ಲಿ ಅದು 'ವೆರೈ' ಆಯಿತು. 1066ರಲ್ಲಿ ನಾರ್ಮನ್ನರು ಇಂಗ್ಲೆಂಡನ್ನು ಗೆದ್ದ ಮೇಲೆ ಅರಮನೆಯಲ್ಲಿ, ನ್ಯಾಯದ ಕಟ್ಟೆಯಲ್ಲಿ ಫ್ರೆಂಚ್ ನಡೆಯತೊಡಗಿತಲ್ಲ, ಆ ಫ್ರೆಂಚಿನ ಜೊತೆಗೇ ಈ ಪದವೂ ಇಂಗ್ಲಿಷಿನೊಳಗೆ ಬಂತು. ಇದರ ನೆಂಟರು ಹಳೇ ಅರ್ಥವನ್ನು ಇನ್ನೂ ಬಿಟ್ಟಿಲ್ಲ. ಕೋರ್ಟಿನ 'ವರ್ಡಿಕ್ಟ್' ಅಂದರೆ ಮೂಲದಲ್ಲಿ 'ನಿಜ ನುಡಿದದ್ದು' ಅಂತ. ಒಟಿಪಿ ಹಾಕಿ 'ವೆರಿಫೈ' ಮಾಡಿ ಅಂತಾರಲ್ವಾ, ಅದರೊಳಗಿರುವುದೂ ಇದೇ ನಿಜ.

ಹಾಗಾದರೆ ನಿಜ ಹೇಗೆ ತುಂಬಾ ಆಯಿತು? ನನಗೆ ಎಲ್ಲಕ್ಕಿಂತ ಇಷ್ಟವಾಗುವುದು ಈ ಭಾಗ. 14ನೇ ಶತಮಾನದ ಕೊನೆಗೆ ಕವಿ ಚಾಸರ್ 'ಕ್ಯಾಂಟರ್ಬರಿ ಟೇಲ್ಸ್'ನಲ್ಲಿ ಒಬ್ಬ ಯೋಧನನ್ನು 'ವೆರೈ ಪರ್ಫಿಟ್ ಜೆಂಟಿಲ್ ನೈಟ್' ಅಂತ ಕರೆದ. ನಿಜವಾದ, ಕುಂದಿಲ್ಲದ, ಸಜ್ಜನ ಯೋಧ ಅಂತ ಅರ್ಥ. ಈಗ ಆ ಮೊದಲ ಎರಡು ಪದಗಳನ್ನು ಮಾತ್ರ ಕೇಳಿಸಿಕೊಳ್ಳಿ. 'ನಿಜವಾದ' ಅನ್ನೋದು ಯೋಧನಿಗೆ ಸೇರಿದ್ದೋ, ಪಕ್ಕದ 'ಕುಂದಿಲ್ಲದ' ಅನ್ನೋದಕ್ಕೆ ಒತ್ತು ಕೊಡಲು ಬಂದದ್ದೋ? ಕಿವಿಗೆ ಎರಡೂ ಸರಿ ಅನಿಸುತ್ತದೆ. ಇಂಥ ಕಡೆಗಳಲ್ಲೇ ಪದ ಮೆಲ್ಲಗೆ ಆಚೆಗೆ ಸರಿದು ಪಕ್ಕದ ಪದಕ್ಕೆ ಅಂಟಿಕೊಂಡಿತು. 15ನೇ ಶತಮಾನದ ಹೊತ್ತಿಗೆ ಅದನ್ನು 'ತುಂಬಾ' ಅನ್ನೋ ಅರ್ಥದಲ್ಲೂ ಬಳಸುತ್ತಿದ್ದರು. ನಾವೂ 'ನಿಜವಾಗ್ಲೂ ಚೆನ್ನಾಗಿದೆ' ಅಂದಾಗ ನಿಜವನ್ನು ಒತ್ತು ಕೊಡೋಕೇ ತಾನೇ ಬಳಸೋದು?

ಅದಕ್ಕೂ ಮುಂಚೆ ಹಳೆಯ ಇಂಗ್ಲಿಷಿನಲ್ಲಿ ಈ ಕೆಲಸಕ್ಕೆ 'ಸ್ವೀದೆ' ಅನ್ನೋ ಪದವಿತ್ತು. ಅದರ ಬೇರಿನ ಅರ್ಥ 'ಬಲವಾದ'. ಅದು ಈಗ ಪೂರ್ತಿ ಮರೆಯಾಗಿದೆ. ಜರ್ಮನ್ನಿನಲ್ಲಿ ತುಂಬಾ ಅನ್ನೋಕೆ 'ಜೇರ್' ಅಂತಾರೆ, ಅದು ಹುಟ್ಟಿದ್ದು ನೋವಿನಿಂದ. ಇಂಗ್ಲಿಷಿನ 'ಸೋರ್', ಅಂದರೆ ನೋಯುವ, ಅದರ ನೆಂಟ. 1611ರ ಇಂಗ್ಲಿಷ್ ಬೈಬಲ್ಲಿನಲ್ಲಿ ಕುರುಬರು ದೇವದೂತನನ್ನು ಕಂಡು 'ಸೋರ್ ಅಫ್ರೇಡ್' ಆದರು ಅಂತಿದೆ. ತುಂಬಾ ಹೆದರಿದರು ಅಂತ. ಬಲ, ನೋವು, ನಿಜ: ಇಷ್ಟು ಗಟ್ಟಿ ಅನುಭವಗಳೆಲ್ಲ ಬಳಸಿ ಬಳಸಿ ಸವೆದು, ಸುಮ್ನೆ 'ಜಾಸ್ತಿ' ಅನ್ನೋ ಅಳತೆಯ ಪದಗಳಾಗಿವೆ.

'ವೆರಿ' ಮಾತ್ರ ಪೂರ್ತಿ ಸವೆದಿಲ್ಲ. 'ದ ವೆರಿ ಮ್ಯಾನ್' ಅಂದರೆ ತುಂಬಾ ಮನುಷ್ಯ ಅಂತ ಅಲ್ಲವಲ್ಲ, 'ಅದೇ ಮನುಷ್ಯ' ಅಂತ. 'ದಿಸ್ ವೆರಿ ಪ್ಲೇಸ್' ಅಂದರೆ ಇದೇ ಜಾಗ. 'ವೆರಿ' ಪಕ್ಕದಲ್ಲಿ ನೇರವಾಗಿ ನಾಮಪದ ಬಂದಾಗ ಹೀಗೆ ಹಳೇ ಅರ್ಥ ಇಣುಕುತ್ತದೆ. ಕ್ರಿಯಾಪದದ ಮುಂದೆ ಒಂಟಿಯಾಗಿ ಅದು ನಿಲ್ಲುವುದೇ ಇಲ್ಲ. 'ಐ ವೆರಿ ಲೈಕ್ ಇಟ್' ಅಂದರೆ ತಪ್ಪು, 'ಐ ಲೈಕ್ ಇಟ್ ವೆರಿ ಮಚ್' ಅನ್ನಬೇಕು.